ಅಲಿಸಾ ಫ್ರೇಂಡ್ಲಿಖ್ ರಂಗಭೂಮಿ ಬಿಟ್ಟಿದ್ದು ಯಾವಾಗ?

ಮಾನ್ಯ ಸಂಪಾದಕರೇ,

ನಿಮ್ಮ ಭಾನುವಾರದ ಪುರವಣಿಯಲ್ಲಿ ರಷ್ಯಾದ ನಟಿ ಅಲಿಸಾ ಫ್ರೇಂಡ್ಲಿಖ್ ಬಗ್ಗೆ ಲೇಖನ ಬಂದಿತ್ತು. ಕನ್ನಡ ಪತ್ರಿಕೆಯೊಂದರಲ್ಲಿ ಆ ಹೆಸರು ನೋಡಿ ಖುಷಿಯಾಯಿತು. ಫೋಟೊಗಳು ಚೆನ್ನಾಗಿದ್ದವು. ರಷ್ಯಾದ ನಿರ್ದೇಶಕ ತರ್ಕೋವ್‌ಸ್ಕಿಯ ‘ಸ್ಟಾಕರ್’ ಸಿನಿಮಾಗೇ ಅರ್ಧ ಪುಟ ಕೊಟ್ಟಿದ್ದೀರಿ. ಕೊಡಬೇಕಾದ್ದೇ. ಆದರೆ ಕೊನೆಗೆ ಬಂದಾಗ ಒಂದು ಮಾತು ಇತ್ತು. ಸಿನಿಮಾದಲ್ಲಿ ಅವಕಾಶ ಕಡಿಮೆಯಾದ ಮೇಲೆ ಅವರು ರಂಗಭೂಮಿಗೆ ಮರಳಿದರು, ಅಂತ.

ಮರಳುವುದಕ್ಕೆ ಅವರು ಯಾವಾಗ ಬಿಟ್ಟಿದ್ದರು, ಹೇಳಿ?

1957ರಲ್ಲಿ ಲೆನಿನ್‌ಗ್ರಾದ್‌ನ ರಂಗಶಿಕ್ಷಣ ಸಂಸ್ಥೆಯಲ್ಲಿ ಓದು ಮುಗಿಸಿ ಆ ವರ್ಷವೇ ಕಮಿಸ್ಸಾರ್ಜೆವ್‌ಸ್ಕಯಾ ಥಿಯೇಟರ್ ಸೇರಿದರು. 1961ರಲ್ಲಿ ಲೆನ್‌ಸೊವೆತ್ ಥಿಯೇಟರ್. 1983ರಲ್ಲಿ ಬೊಲ್ಶೊಯ್ ಡ್ರಾಮಾ ಥಿಯೇಟರ್. ಮೂರೂ ಒಂದೇ ಊರಿನವು. ಆ ಊರು ಲೆನಿನ್‌ಗ್ರಾದ್ ಇದ್ದದ್ದು 1991ರಲ್ಲಿ ಮತ್ತೆ ಪೀಟರ್ಸ್‌ಬರ್ಗ್ ಆಯಿತು. ದೇಶವೇ ಬೇರೆ ಆಯಿತು. ಇವರು ಮಾತ್ರ ಸಂಜೆಯಾದರೆ ಬಣ್ಣ ಹಚ್ಚಿಕೊಂಡು ಅದೇ ಊರಿನ ಜನರ ಮುಂದೆ ನಿಲ್ಲುತ್ತಿದ್ದರು. ‘ಸ್ಟಾಕರ್’ ತೆರೆಗೆ ಬಂದಾಗ ಅವರಿಗೆ 44 ವರ್ಷ. ಅಷ್ಟು ಹೊತ್ತಿಗೆ ವೃತ್ತಿ ರಂಗಭೂಮಿಯಲ್ಲಿ 22 ವರ್ಷ ಕಳೆದಿದ್ದರು. ನಡುನಡುವೆ ಸಿನಿಮಾಗೆ ಹೋಗಿ ಬರುತ್ತಿದ್ದರು, ಅಷ್ಟೆ. ನೀವು ಅದನ್ನು ತಿರುಗಾಮುರುಗಾ ಮಾಡಿ ಬರೆದಿದ್ದೀರಿ.

ಇದನ್ನು ಹೇಳುವುದಕ್ಕೆ ನಾನು ಯಾರು ಅಂತ ಕೇಳಬಹುದು. ದೊಡ್ಡವಳೇನಲ್ಲ. ಸರ್ಕಾರಿ ಕಚೇರಿಯೊಂದರಲ್ಲಿ ಅಂಕಿಅಂಶ ಕೂಡಿಸುವ ಕೆಲಸ ಮಾಡಿ ನಿವೃತ್ತಳಾದವಳು. ಮಳೆ ಎಷ್ಟು, ಬಿತ್ತನೆ ಎಷ್ಟು, ಇಳುವರಿ ಎಷ್ಟು, ಇದೇ ನನ್ನ ಹಗಲು. ಸಂಜೆ ಆರಕ್ಕೆ ಹವ್ಯಾಸಿ ನಾಟಕ ತಂಡದ ರಿಹರ್ಸಲ್. ರವೀಂದ್ರ ಕಲಾಕ್ಷೇತ್ರದ ರಂಗದ ಮೇಲೂ, ಅದರ ಹಿಂದಿನ ಸಂಸ ಬಯಲು ರಂಗಮಂದಿರದಲ್ಲೂ ನಿಂತು ಮಾತಾಡಿದ್ದೇನೆ. ಹೆಚ್ಚಾಗಿ ಸಣ್ಣ ಪಾತ್ರಗಳು. ಹಾಗಾಗಿ ಈ ನಟಿಯ ಒಂದು ಸಿನಿಮಾ ನನಗೆ ತೀರಾ ಹತ್ತಿರದ್ದು. ನಿಮ್ಮ ಲೇಖನದಲ್ಲಿ ಅದಕ್ಕೆ ಸಿಕ್ಕಿದ್ದು ಒಂದೇ ಸಾಲು.

ಎಲ್ದಾರ್ ರಿಯಾಜಾನೊವ್ ಮಾಡಿದ ‘ಆಫೀಸ್ ರೊಮಾನ್ಸ್’, 1977ರದ್ದು. ಅದರ ಕತೆ ನಡೆಯುವುದು ಮಾಸ್ಕೋದ ಒಂದು ಅಂಕಿಅಂಶ ಕಚೇರಿಯಲ್ಲಿ! ನನ್ನಂಥವಳಿಗೆ ಇನ್ನೇನು ಬೇಕು? ಬೆಳಿಗ್ಗೆ ಹೆಂಗಸರೆಲ್ಲ ಓಡೋಡಿ ಬಂದು ಕುರ್ಚಿಯಲ್ಲಿ ಕೂತು ಮೊದಲು ಕೈಗನ್ನಡಿ ತೆಗೆಯುತ್ತಾರೆ. ತುಟಿಗೆ ಬಣ್ಣ, ಕಣ್ಣಿಗೆ ಕಪ್ಪು. ಆಮೇಲೆ ಫೈಲು. ಶೂರಾ ಅಂತ ಒಬ್ಬಾಕೆ ಪಟ್ಟಿ ಹಿಡಿದು ಮೇಜಿಂದ ಮೇಜಿಗೆ ಬಂದು 50 ಕೊಪೆಕ್ (ಅಲ್ಲಿನ ಪೈಸೆ) ಚಂದಾ ಎತ್ತುತ್ತಾಳೆ. ಯಾರದೋ ಹುಟ್ಟುಹಬ್ಬ, ಇನ್ಯಾರದೋ ಸಾವು. ಒಮ್ಮೆ ಬುಬ್ಲಿಕೊವ್ ಅನ್ನುವವರು ಸತ್ತರೆಂದು ಹೂವಿನ ಹಾರಕ್ಕೆ ದುಡ್ಡು ಎತ್ತಿ ಫೋಟೊ ಇಟ್ಟು ಶೋಕಾಚರಣೆ ಮಾಡಿದರೆ, ಬುಬ್ಲಿಕೊವ್ ಜೀವಂತ ಬಂದು ನಿಲ್ಲುತ್ತಾರೆ. ಬೀಳ್ಕೊಡುಗೆಗೆ ಚಂದಾ ಕೊಟ್ಟು ಕೊಟ್ಟು ಸಾಕಾದವರಿಗೆಲ್ಲ ಶೂರಾ ಗೊತ್ತು. ಪ್ರತಿ ಆಫೀಸಲ್ಲೂ ಒಬ್ಬಳಿರುತ್ತಾಳೆ.

ಆ ಕಚೇರಿಯ ಮುಖ್ಯಸ್ಥೆ ಲ್ಯುದ್ಮಿಲಾ ಪ್ರೊಕೊಫ್ಯೆವ್ನಾ ಕಲುಗಿನಾ. ಇದೇ ನಮ್ಮ ಫ್ರೇಂಡ್ಲಿಖ್ ಪಾತ್ರ. ಎಲ್ಲರಿಗಿಂತ ಮೊದಲು ಬರುತ್ತಾಳೆ, ಎಲ್ಲರೂ ಹೋದ ಮೇಲೆ ಹೋಗುತ್ತಾಳೆ. ಅದನ್ನು ನೋಡಿದರೇ ಸಾಕು, ಮದುವೆಯಾಗಿಲ್ಲ ಅಂತ ಗೊತ್ತಾಗುತ್ತೆ ಅನ್ನುತ್ತಾನೆ ಕತೆ ಹೇಳುವ ನೊವೊಸೆಲ್ತ್ಸೆವ್. ಅವನು ಎರಡು ಗಂಡುಮಕ್ಕಳನ್ನು ಒಬ್ಬನೇ ಸಾಕುವ, ಬಡ್ತಿ ಸಿಗದ, ಅಂಜುಬುರುಕ ನೌಕರ. ಆ ಪಾತ್ರದಲ್ಲಿ ಅಂದ್ರೇಯ್ ಮ್ಯಾಗ್ಕೊವ್.

ಆಕೆಯ ನಡಿಗೆ ನೋಡಬೇಕು ನೀವು. ಕಾಲು ನೆಲಕ್ಕೆ ಚಪ್ಪಟೆಯಾಗಿ ಬೀಳುತ್ತದೆ. ತಲೆ ಮುಂದೆ, ಮೈ ಹಿಂದೆ. ದೊಗಲೆ ಕೋಟು, ದಪ್ಪ ಕಟ್ಟಿನ ಕನ್ನಡಕ. ಕುರೂಪಿಯ ವೇಷ ಹಾಕುವ ನಟಿಯರು ಮೂಗಿಗೆ ಮೇಣ, ಹಲ್ಲಿಗೆ ಕಪ್ಪು ಅಂತ ಏನೇನೋ ಮಾಡಿಕೊಳ್ಳುತ್ತಾರೆ. ಇವರು ಮುಖಕ್ಕೆ ಏನೂ ಮಾಡಿಕೊಂಡಿಲ್ಲ. ತನ್ನನ್ನು ಯಾರಾದರೂ ನೋಡಿಯಾರು ಅನ್ನುವ ಯೋಚನೆಯನ್ನೇ ಮೈಯಿಂದ ತೆಗೆದುಹಾಕಿದ್ದಾರೆ. ಇದು ನಾಟಕದವರ ಕೆಲಸ. ಕಡೇ ಸಾಲಿನವನಿಗೆ ಹುಬ್ಬು ಕಾಣಿಸಲ್ಲ, ನಡಿಗೆ ಕಾಣಿಸುತ್ತದೆ.

ಆಮೇಲೆ ಕಾರ್ಯದರ್ಶಿ ವೆರೋಚ್ಕಾ (ಲಿಯಾ ಅಖೆದ್ಜಾಕೊವಾ) ಆಕೆಗೆ ಪಾಠ ಮಾಡುತ್ತಾಳೆ. ಹುಬ್ಬು ಹೇಗಿರಬೇಕು, ಶೂ ಎಂಥದ್ದು, ಸೊಂಟ ಹೇಗೆ ತಿರುಗಬೇಕು. ಮುಖ್ಯಸ್ಥೆ ತನ್ನ ಕೈಕೆಳಗಿನ ಹುಡುಗಿಯ ಹಿಂದೆ ಹಿಂದೆ ನಡೆದು ಕಲಿಯುತ್ತಾಳೆ. ಆ ದೃಶ್ಯಕ್ಕೆ ಜನ ಬಿದ್ದು ಬಿದ್ದು ನಗುತ್ತಾರೆ. ನಾನೂ ನಕ್ಕಿದ್ದೇನೆ. ಆದರೆ ನನಗೆ ಇಷ್ಟ ಅದಕ್ಕಿಂತ ಮುಂಚಿನದು. ನೊವೊಸೆಲ್ತ್ಸೆವ್ ಹಿಂದಿನ ರಾತ್ರಿ ಪಾರ್ಟಿಯಲ್ಲಿ ಆಡಬಾರದ ಮಾತೆಲ್ಲ ಆಡಿ, ಬೆಳಿಗ್ಗೆ ಕ್ಷಮೆ ಕೇಳಲು ಬರುತ್ತಾನೆ. ಈಕೆ ಅಧಿಕಾರದ ದನಿಯಲ್ಲೇ ಶುರು ಮಾಡುತ್ತಾಳೆ. ನಡುವೆ ಎಲ್ಲೋ ದನಿ ಹರಿಯುತ್ತದೆ. ಬಾಗಿಲು ಹಾಕಿಕೊಂಡು, ಬಿಕ್ಕುತ್ತಾ, ತನಗೆ 36 ಅನ್ನುತ್ತಾಳೆ. ನಿಜಕ್ಕೂ ಆಗ ನಟಿಗೆ ನಲವತ್ತು ದಾಟಿತ್ತು. ಅಳು ಮುಗಿದದ್ದೇ ಮತ್ತೆ ಆಫೀಸರ್. ಕ್ಯಾಮೆರಾ ನಿಲ್ಲಿಸಿ, ಗ್ಲಿಸರಿನ್ ಹಾಕಿ ತೆಗೆಯುವ ದೃಶ್ಯ ಅಲ್ಲ ಅದು. ನಿಂತ ಜಾಗದಲ್ಲೇ ಒಂದು ಮನಸ್ಥಿತಿಯಿಂದ ಇನ್ನೊಂದಕ್ಕೆ ದಾಟುವುದನ್ನು ದಿನಾ ಸಂಜೆ ಮಾಡಿದವರಿಗಷ್ಟೇ ಬರುತ್ತದೆ.

1978ರಲ್ಲಿ ಸೋವಿಯತ್ ದೇಶದಲ್ಲಿ ಆ ಸಿನಿಮಾ ನೋಡಿದವರು 5 ಕೋಟಿ 84 ಲಕ್ಷ. ಅದರ ಮೂಲವೂ ಒಂದು ನಾಟಕವೇ. ಬ್ರಾಗಿನ್‌ಸ್ಕಿ ಮತ್ತು ರಿಯಾಜಾನೊವ್ ಇಬ್ಬರೂ ಸೇರಿ 1971ರಲ್ಲಿ ಬರೆದದ್ದು. ತಮ್ಮ ಪಾಲಿನ ಹಾಡುಗಳನ್ನು ಫ್ರೇಂಡ್ಲಿಖ್ ತಮ್ಮ ದನಿಯಲ್ಲೇ ಹಾಡಿದ್ದಾರೆ.

ಚಿತ್ರೀಕರಣ ಮಾಸ್ಕೋದಲ್ಲಿ, ನಾಟಕ ಲೆನಿನ್‌ಗ್ರಾದ್‌ನಲ್ಲಿ. ಮಧ್ಯೆ ಸುಮಾರು 650 ಕಿಲೋಮೀಟರ್. ಬೆಂಗಳೂರಿಂದ ಹೈದರಾಬಾದ್‌ಗಿಂತಲೂ ಜಾಸ್ತಿ. ರಾತ್ರಿ ರೈಲಿನಲ್ಲಿ ಹೋಗುವುದು, ಚಿತ್ರೀಕರಣ ಮುಗಿಸಿ ನಾಟಕಕ್ಕೆ ವಾಪಸ್ ಬರುವುದು. ಲೆನ್‌ಸೊವೆತ್ ಥಿಯೇಟರ್‌ನಲ್ಲಿ ಇವರಿಲ್ಲದೆ ನಡೆಯದ ನಾಟಕಗಳೇ ಹೆಚ್ಚು. ಲೇಖನ ಬರೆದವರಿಗೆ ಈ ರೈಲಿನ ವಿಷಯ ಗೊತ್ತಿದ್ದರೆ ರಂಗಭೂಮಿಗೆ ‘ಮರಳಿದರು’ ಅಂತ ಬರೆಯುತ್ತಿರಲಿಲ್ಲ. ಅವರು ವಾರವಾರವೂ ಮರಳುತ್ತಲೇ ಇದ್ದರು.

ಇನ್ನು ಆ ನಾಟಕಗಳು ಯಾವುವು? ನಿಮ್ಮ ಲೇಖನದಲ್ಲಿ ಒಂದರ ಹೆಸರೂ ಇಲ್ಲ. ನನಗೆ ಗೊತ್ತಿರುವಷ್ಟು ಹೇಳುತ್ತೇನೆ.

1962ರಲ್ಲಿ ಬರ್ನಾರ್ಡ್ ಷಾ ಅವರ ‘ಪಿಗ್ಮೇಲಿಯನ್’ನ ಎಲೈಜಾ. 1964ರಲ್ಲಿ ಜೂಲಿಯೆಟ್. ಮರುವರ್ಷ ಅರ್ಬೂಜೊವ್ ಬರೆದ ‘ನನ್ನ ಬಡಪಾಯಿ ಮರಾತ್’ ನಾಟಕದ ಲೀಕಾ. ಇದರ ಬಗ್ಗೆ ಸ್ವಲ್ಪ ನಿಂತು ಹೇಳಬೇಕು. 1942ರಲ್ಲಿ, ಜರ್ಮನ್ ಸೈನ್ಯ ಲೆನಿನ್‌ಗ್ರಾದ್ ಮುತ್ತಿಗೆ ಹಾಕಿದ್ದಾಗ, ಬಾಂಬ್ ಬಿದ್ದ ಮನೆಯೊಂದರಲ್ಲಿ ಮೂವರು ಹದಿಹರೆಯದವರು ಸೇರುತ್ತಾರೆ. ಇಬ್ಬರು ಹುಡುಗರು, ಒಬ್ಬಳು ಹುಡುಗಿ. ಕತೆ ಮುಂದೆ ಯುದ್ಧ ಮುಗಿದ ಮೇಲಿನ ದಿನಗಳಿಗೆ, ಕೊನೆಗೆ 1959ರ ಕಡೇ ದಿನಕ್ಕೆ ಬರುತ್ತದೆ. ಹದಿನಾರರ ಹುಡುಗಿ ಒಂದೇ ಸಂಜೆಯಲ್ಲಿ ಮೂವತ್ತು ದಾಟಬೇಕು.

ಈ ಲೀಕಾ ಆಗಿ ನಿಂತ ಫ್ರೇಂಡ್ಲಿಖ್ ಆ ಮುತ್ತಿಗೆಯಲ್ಲಿ ಬದುಕಿ ಉಳಿದ ಮಗು. 1934ರ ಡಿಸೆಂಬರ್ 8ರಂದು ಅಲ್ಲೇ ಹುಟ್ಟಿದವರು. 1941ರ ಸೆಪ್ಟೆಂಬರ್ 1ಕ್ಕೆ ಶಾಲೆಗೆ ಸೇರಿದರು, ಸೆಪ್ಟೆಂಬರ್ 8ಕ್ಕೆ ಊರು ಮುತ್ತಿಗೆಗೆ ಸಿಕ್ಕಿತು. ಅದು ತೆರವಾಗಿದ್ದು 1944ರ ಜನವರಿ 27ಕ್ಕೆ. ಆ ಮೊದಲ ಚಳಿಗಾಲದಲ್ಲಿ ಮಕ್ಕಳಿಗೆ ದಿನಕ್ಕೆ ಸಿಗುತ್ತಿದ್ದದ್ದು 125 ಗ್ರಾಂ ಬ್ರೆಡ್. ಇವರ ಅಜ್ಜಿ ಭಾರಿ ಶಿಸ್ತಿನ ಹೆಂಗಸು. ಬ್ರೆಡ್ಡನ್ನು ತುಂಡು ಮಾಡಿ ತೆಗೆದಿಟ್ಟು, ಗಡಿಯಾರ ನೋಡಿ ಇಂತಿಷ್ಟು ಹೊತ್ತಿಗೆ ಇಂತಿಷ್ಟು ಅಂತ ಕೊಡುತ್ತಿದ್ದರು. ಒಮ್ಮೆಲೇ ತಿಂದು ಮುಗಿಸಿದವರು ಉಳಿಯಲಿಲ್ಲ, ಅಜ್ಜಿಯ ಗಡಿಯಾರ ನಮ್ಮನ್ನು ಉಳಿಸಿತು ಅನ್ನುವ ಅರ್ಥದಲ್ಲಿ ಇವರು ಎಷ್ಟೋ ಸಲ ಹೇಳಿಕೊಂಡಿದ್ದಾರೆ. ತಂದೆ ಬ್ರೂನೊ ಫ್ರೇಂಡ್ಲಿಖ್ ಕೂಡ ದೊಡ್ಡ ನಟ. ಜರ್ಮನ್ ಮೂಲದ ಮನೆತನ. ಯುದ್ಧದ ಕಾಲದಲ್ಲಿ ಆ ಉಪನಾಮ ಹೊತ್ತು ಆ ಊರಲ್ಲಿ ಬದುಕುವುದು ಏನು ಅಂತ ನೀವೇ ಊಹಿಸಿ.

ಇದನ್ನೆಲ್ಲ ಕಂಡವರು ಇಪ್ಪತ್ತು ವರ್ಷ ಕಳೆದ ಮೇಲೆ ಅದೇ ಊರಿನ ರಂಗದ ಮೇಲೆ ಆ ಹಸಿದ ಹುಡುಗಿಯಾಗಿ ನಿಲ್ಲುತ್ತಾರೆ. ಎದುರಿಗೆ ಕೂತವರಲ್ಲಿ ಎಷ್ಟು ಜನ ಅದೇ ಬ್ರೆಡ್ಡಿನ ಕ್ಯೂನಲ್ಲಿ ನಿಂತವರೋ! ಇಂಥ ಸಂಜೆಗಳನ್ನು ಬಿಟ್ಟು ಈ ನಟಿಯ ಬಗ್ಗೆ ಏನು ಬರೆದರೂ ಅರ್ಧವೇ.

1967ರಲ್ಲಿ ಜೋರಿನ್ ಬರೆದ ‘ವಾರ್ಸಾ ಮೆಲೊಡಿ’. ರಂಗದ ಮೇಲೆ ಇಬ್ಬರೇ. ಮಾಸ್ಕೋದಲ್ಲಿ ಸಂಗೀತ ಕಲಿಯಲು ಬಂದ ಪೋಲೆಂಡಿನ ಹುಡುಗಿ ಗೇಲ್ಯಾ, ಯುದ್ಧದಿಂದ ಬಂದ ರಷ್ಯನ್ ಹುಡುಗ. 1947ರಲ್ಲಿ ಸೋವಿಯತ್ ಸರ್ಕಾರ ವಿದೇಶಿಯರ ಜೊತೆ ಮದುವೆ ನಿಷೇಧಿಸಿತು. ಅದು ನಿಜವಾಗಿ ಇದ್ದ ಕಾನೂನು. ಅಲ್ಲಿಗೆ ಪ್ರೀತಿ ಮುರಿಯಿತು. ವರ್ಷಗಳಾದ ಮೇಲೆ ಮತ್ತೆ ಭೇಟಿಯಾದಾಗ ಅವಳು ಹೆಸರಾಂತ ಗಾಯಕಿ. ಕಾನೂನೂ ಹೋಗಿದೆ, ಹುಡುಗನಿಗೆ ಧೈರ್ಯವೂ ಹೋಗಿದೆ. ಇದರ ಟಿವಿ ಚಿತ್ರೀಕರಣ ಉಳಿದಿದೆ. ಕಪ್ಪು ಬಿಳುಪು, ಮಬ್ಬು ಮಬ್ಬು. ರಷ್ಯನ್ ಭಾಷೆಯಲ್ಲಿ ಪೋಲಿಷ್ ಎಳೆ ಬೆರೆಸಿ ಮಾತಾಡುತ್ತಾರೆ. ನನಗೆ ಎರಡೂ ಭಾಷೆ ಬರುವುದಿಲ್ಲ. ಆದರೂ ಕೊನೆಗೆ ಮಾತಿನ ರಾಗ ಬದಲಾದದ್ದು ಕಿವಿಗೆ ಗೊತ್ತಾಯಿತು. ಮೊದಲು ಮಾತು ಹಾರುತ್ತದೆ, ಆಮೇಲೆ ತೂಗಿ ತೂಗಿ ಬರುತ್ತದೆ.

ಮಗಳು ಹುಟ್ಟಿದ್ದು 1968ರಲ್ಲಿ. ಅದಾದ ಮೇಲೆ, ಸ್ವೀಡನ್ನಿನ ಮಕ್ಕಳ ಕತೆ ಕಾರ್ಲ್‌ಸನ್‌ನ ನಾಟಕದಲ್ಲಿ ಪುಟ್ಟ ಹುಡುಗನ ಪಾತ್ರ ಮಾಡಿದರು! ಮೂವತ್ತು ದಾಟಿದ ತಾಯಿ ಚಡ್ಡಿ ಹಾಕಿಕೊಂಡು ಮಕ್ಕಳ ಮುಂದೆ ಓಡಾಡುವುದು. 1970ರಲ್ಲಿ ಷೇಕ್ಸ್‌ಪಿಯರನ ಗಯ್ಯಾಳಿ ಕ್ಯಾಥರೀನಾ. ಆಮೇಲೆ ದಾಸ್ತೊಯೆವ್‌ಸ್ಕಿ ಕಾದಂಬರಿಯ ಕ್ಷಯ ಹಿಡಿದ ಕತೆರೀನಾ ಇವಾನೊವ್ನಾ. ಒಂದೇ ತಿಂಗಳಲ್ಲಿ ಇವರು ಚಿಕ್ಕ ಹುಡುಗನೂ ಹೌದು, ಸಾಯುತ್ತಿರುವ ತಾಯಿಯೂ ಹೌದು.

ಲೆನ್‌ಸೊವೆತ್‌ನ ಮುಖ್ಯ ನಿರ್ದೇಶಕ ಈಗರ್ ವ್ಲದೀಮಿರೊವ್ ಇವರ ಗಂಡ. ಗಂಡನೇ ನಿರ್ದೇಶಕ ಅಂದ ಮೇಲೆ ಪಾತ್ರಗಳಿಗೇನು ಕಮ್ಮಿ ಅಂತ ಮೂಗು ಮುರಿಯುವವರು ಎಲ್ಲ ಊರಲ್ಲೂ ಇರುತ್ತಾರೆ. ನಮ್ಮ ತಂಡದಲ್ಲೂ ಇದ್ದರು. ನಿಜ, ಪಾತ್ರಗಳು ಸಿಕ್ಕವು. ಆದರೆ ಸಂಸಾರ ಮುರಿದಾಗ ಥಿಯೇಟರ್ ಕೂಡ ಕೈಬಿಟ್ಟು ಹೋಗುತ್ತದೆ, ಅದನ್ನು ಯಾರೂ ಲೆಕ್ಕಕ್ಕೆ ಹಿಡಿಯುವುದಿಲ್ಲ. ಎರಡು ದಶಕ ತಮ್ಮ ಹೆಸರಿನಿಂದಲೇ ಟಿಕೆಟ್ ಮಾರಿದ ಮನೆಯನ್ನು ಬಿಟ್ಟು, 48ನೇ ವಯಸ್ಸಿನಲ್ಲಿ ಇವರು ಬೊಲ್ಶೊಯ್ ಡ್ರಾಮಾ ಥಿಯೇಟರ್‌ನ ಮುಖ್ಯ ನಿರ್ದೇಶಕ ಗಿಯೊರ್ಗಿ ತೊವ್‌ಸ್ತನೋಗೊವ್ ಕರೆದರೆಂದು ಅಲ್ಲಿಗೆ ಹೋದರು. ಅಲ್ಲಿ ಒಬ್ಬರಿಗಿಂತ ಒಬ್ಬರು ಘಟಾನುಘಟಿಗಳು. ಅಲ್ಲಿಗೆ ಸೇರಿದ ವರ್ಷವೇ ನೀಲ್ ಸೈಮನ್ ಅವರ ಒಂದು ಅಮೆರಿಕನ್ ಹಾಸ್ಯ ನಾಟಕ. ಮದುವೆಯಾದ ಹೋಟೆಲ್ ಯಜಮಾನನೊಬ್ಬ ತಾಯಿ ಇಲ್ಲದ ಹೊತ್ತು ನೋಡಿ ಅವರ ಮನೆಗೆ ಒಬ್ಬರಾದ ಮೇಲೆ ಒಬ್ಬರಂತೆ ಮೂವರು ಹೆಂಗಸರನ್ನು ಕರೆಯುತ್ತಾನೆ. ಅವನ ಪಾತ್ರ ಸ್ತ್ರ್ಜೆಲ್ಚಿಕ್ ಅವರದ್ದು. ಆ ಮೂವರೂ ಹೆಂಗಸರು ಫ್ರೇಂಡ್ಲಿಖ್! ಹೊಸ ಮನೆಗೆ ಬಂದ ಸೊಸೆ ಮೊದಲ ದಿನವೇ ಊರಿಗೆಲ್ಲ ಅಡುಗೆ ಮಾಡಿ ಬಡಿಸಿದ ಹಾಗೆ.

ಈಗ ನೀವು ಬರೆದ ‘ಅವಕಾಶ ಕಡಿಮೆಯಾದ’ ಕಾಲಕ್ಕೆ ಬರೋಣ. 1993ರಲ್ಲಿ ಚೆಕಾಫ್‌ನ ‘ಚೆರಿ ತೋಟ’ದ ರಾನೆವ್‌ಸ್ಕಯಾ. 1995ರಲ್ಲಿ ಲೇಡಿ ಮ್ಯಾಕ್‌ಬೆತ್. ಆಗ ಅವರಿಗೆ 60. 2004ರಲ್ಲಿ, 70ರ ಹೊಸ್ತಿಲಲ್ಲಿ, ತಮ್ಮ ಹಳೆಯ ಲೆನ್‌ಸೊವೆತ್ ರಂಗಕ್ಕೇ ಹೋಗಿ ಏಕವ್ಯಕ್ತಿ ನಾಟಕ. ಕ್ಯಾನ್ಸರ್ ಆದ ಹತ್ತು ವರ್ಷದ ಹುಡುಗ, ಅವನನ್ನು ನೋಡಿಕೊಳ್ಳುವ ಮುದುಕಿ, ಎಲ್ಲರೂ ಅವರೊಬ್ಬರೇ. 2008ರಲ್ಲಿ ದಾಸ್ತೊಯೆವ್‌ಸ್ಕಿ ಕತೆಯ ‘ಚಿಕ್ಕಪ್ಪನ ಕನಸು’, ಜೊತೆಗೆ ಅಲೆಗ್ ಬಸಿಲಾಶ್ವಿಲಿ. ‘ಆಫೀಸ್ ರೊಮಾನ್ಸ್’ನಲ್ಲಿ ನೊವೊಸೆಲ್ತ್ಸೆವ್‌ಗೆ ಕೆಟ್ಟ ಸಲಹೆ ಕೊಡುವ ಗೆಳೆಯ ಅವರೇ. 2013ರಲ್ಲಿ ಲೂಯಿಸ್ ಕ್ಯಾರಲ್ ಕತೆಯಿಂದ ಕಟ್ಟಿದ ನಾಟಕದಲ್ಲಿ ಆಲಿಸ್ ಆದರು. ಆಗ ಅವರಿಗೆ 79. ಸಿನಿಮಾ ಕೂಡ ಕೈಬಿಟ್ಟಿರಲಿಲ್ಲ. 2004ರ ಒಂದು ಚಿತ್ರದಲ್ಲಿ 87 ವರ್ಷದ ಶಿಲ್ಪಿಯ ಪಾತ್ರ ಮಾಡಿ ರಷ್ಯಾದ ಸಿನಿಮಾ ಪ್ರಶಸ್ತಿ ‘ನಿಕಾ’ ತೆಗೆದುಕೊಂಡರು. 2024ರ ಡಿಸೆಂಬರ್‌ಗೆ ಅವರಿಗೇ 90 ತುಂಬಿತು.

‘ಸ್ಟಾಕರ್’ ಬಗ್ಗೆಯೂ ಒಂದು ಮಾತು. ಅದನ್ನು ನಾನು ನೋಡಿದ್ದು ಬೆಂಗಳೂರಿನ ಫಿಲ್ಮ್ ಸೊಸೈಟಿಯ ಪ್ರದರ್ಶನದಲ್ಲಿ. ಅರ್ಧದಲ್ಲೇ ಸುಮಾರು ಜನ ಎದ್ದು ಹೋದರು, ಅದು ಬೇರೆ ಮಾತು. ಎಸ್ಟೋನಿಯಾದ ತಾಲಿನ್ ಹತ್ತಿರ ತೆಗೆದದ್ದು. ಮೊದಲು ತೆಗೆದ ರೀಲುಗಳು ಲ್ಯಾಬ್‌ನಲ್ಲಿ ಹಾಳಾಗಿ ಬಹುಪಾಲು ಮತ್ತೆ ತೆಗೆಯಬೇಕಾಯಿತು. ಸ್ಟಾಕರ್ ಅಂದರೆ ನಿಷೇಧಿತ ಪ್ರದೇಶಕ್ಕೆ ಕದ್ದು ಜನರನ್ನು ಕರೆದೊಯ್ಯುವವನು. ಅವನೂ ಸೇರಿ ಮೂವರು ಗಂಡಸರು ಎರಡೂವರೆ ಗಂಟೆ ದೇವರು, ಕಲೆ, ವಿಜ್ಞಾನ ಅಂತ ಮಾತಾಡುತ್ತಾರೆ. ಕೊನೆಗೆ ಸ್ಟಾಕರನ ಹೆಂಡತಿ (ಇದೇ ಫ್ರೇಂಡ್ಲಿಖ್) ಸಿಗರೇಟು ಹಚ್ಚಿ, ನೇರ ನಮ್ಮನ್ನೇ ನೋಡುತ್ತಾ ನಾಲ್ಕು ಮಾತು ಹೇಳುತ್ತಾಳೆ. ಇವನನ್ನು ಮದುವೆಯಾದರೆ ಕಷ್ಟ ಅಂತ ಅಮ್ಮ ಹೇಳಿದ್ದಳು, ನನಗೂ ಗೊತ್ತಿತ್ತು, ಆದರೂ ಬಂದೆ, ಪಶ್ಚಾತ್ತಾಪ ಇಲ್ಲ, ಅನ್ನುತ್ತಾಳೆ. ಅಷ್ಟು ಹೊತ್ತು ಗಂಡಸರು ಆಡಿದ್ದೆಲ್ಲ ನನಗೆ ಮರೆತೇ ಹೋಯಿತು. ನಿಮ್ಮ ಲೇಖಕರು ಇದನ್ನು ಕ್ಯಾಮೆರಾದ ಜಾದೂ ಅಂತ ಬರೆದಿದ್ದಾರೆ. ಕ್ಯಾಮೆರಾ ಸುಮ್ನೆ ನಿಂತಿತ್ತು, ಸ್ವಾಮಿ. ಕೂತಿರುವ ಜನರ ಕಣ್ಣಿಗೆ ಕಣ್ಣಿಟ್ಟು ಮಾತಾಡುವುದನ್ನು ಆಕೆ ಕಲಿತದ್ದು ಬೇರೆ ಕಡೆ.

ಇಷ್ಟೆಲ್ಲ ಹೇಗೆ ಸಾಧ್ಯವಾಯಿತು? ಪ್ರತಿಭೆ ಇತ್ತು, ಸರಿ. ಪ್ರತಿಭೆ ಬೆಂಗಳೂರಿನಲ್ಲೂ ಇದೆ. ಅಲ್ಲಿ ಕಾಯಂ ತಂಡ ಇತ್ತು. ನಟರಿಗೆ ತಿಂಗಳ ಸಂಬಳ. ಒಂದು ನಾಟಕ ಎತ್ತಿದರೆ ಎರಡು ಪ್ರದರ್ಶನಕ್ಕೆ ಮೂಲೆಗೆ ಹಾಕುವುದಿಲ್ಲ, ವರ್ಷಗಟ್ಟಲೆ ಓಡುತ್ತದೆ. ಇವತ್ತು ಷೇಕ್ಸ್‌ಪಿಯರ್, ನಾಳೆ ಚೆಕಾಫ್, ಭಾನುವಾರ ಬೆಳಿಗ್ಗೆ ಮಕ್ಕಳ ನಾಟಕ. ನಟಿಗೆ ವಯಸ್ಸಾಯಿತು ಅಂದರೆ ಆ ವಯಸ್ಸಿಗೆ ತಕ್ಕ ಪಾತ್ರ ಯಾವುದು ಅಂತ ತಂಡವೇ ಹುಡುಕುತ್ತದೆ. ಅಲ್ಲಿ ಎಲ್ಲ ಸುಖವಾಗಿತ್ತು ಅಂತ ಹೇಳುತ್ತಿಲ್ಲ. ಇವರೇ ರಷ್ಯಾದ ಕಡೇ ರಾಣಿಯ ಆಪ್ತೆ ವಿರುಬೊವಾ ಆಗಿ ನಟಿಸಿದ, ಆ ಅರಮನೆಯನ್ನು ಮರುಳು ಮಾಡಿದ ಸಾಧು ರಾಸ್ಪುಟಿನ್ ಬಗೆಗಿನ ಸಿನಿಮಾ 1975ರಲ್ಲಿ ಸಿದ್ಧವಾದರೂ ಸೋವಿಯತ್ ಜನ ನೋಡಿದ್ದು 1985ರಲ್ಲಿ. ಸರ್ಕಾರದ ಅನ್ನ ತಿಂದರೆ ಸರ್ಕಾರದ ಕತ್ತರಿಗೂ ಕೊರಳು ಕೊಡಬೇಕು. ನಾನೂ ಸರ್ಕಾರಿ ನೌಕರಳಾಗಿದ್ದವಳೇ, ಗೊತ್ತು.

ನಮ್ಮಲ್ಲೂ ಇದಕ್ಕೆ ಹತ್ತಿರದ್ದು ಇದೆ. ಮೈಸೂರಿನಲ್ಲಿ 1989ರಲ್ಲಿ ಬಿ.ವಿ. ಕಾರಂತರ ಜೊತೆ ಶುರುವಾದ ರಂಗಾಯಣಕ್ಕೆ ಸೇರಿದ ಹುಡುಗ ಹುಡುಗಿಯರು ಅಲ್ಲೇ ನಟಿಸುತ್ತಾ ತಲೆ ನರೆಸಿಕೊಂಡರು. ಹೆಗ್ಗೋಡಿನ ನೀನಾಸಂ ತಿರುಗಾಟ 1985ರಿಂದ ಊರೂರು ಸುತ್ತುತ್ತಿದೆ. ಅದಕ್ಕೂ ಹಿಂದೆ ಗುಬ್ಬಿ ಕಂಪನಿಯಂಥ ಕಂಪನಿಗಳು. ಆ ಮನೆಯ ಮೊಮ್ಮಗಳು ಬಿ. ಜಯಶ್ರೀ ಅವರ ರಂಗ ಬದುಕು ಎಷ್ಟು ದೊಡ್ಡದು! ಈಗಿನ ಹುಡುಗರಿಗೆ ಕೇಳಿ, ಸಿನಿಮಾ ಹಾಡಿನ ದನಿ ಅಂತ ಗುರುತು ಹಿಡಿಯುತ್ತಾರೆ.

ಬೆಂಗಳೂರಿನಲ್ಲಿ ನಮ್ಮಂಥವರದ್ದು ಆಫೀಸ್ ಮುಗಿಸಿ ಬಂದು ಆಡುವ ನಾಟಕ. ನಾಟಕ ಮುಗಿದು, ಕೊಬ್ಬರಿ ಎಣ್ಣೆ ಹಚ್ಚಿ ಬಣ್ಣ ಒರೆಸಿ, ಕಿವಿಯ ಹಿಂದೆ ಇನ್ನೂ ಬಣ್ಣ ಇರುವಾಗಲೇ ಮಾರ್ಕೆಟ್ ಸ್ಟ್ಯಾಂಡಿಗೆ ಓಡುವುದು, ಕಡೇ ಬಸ್ ತಪ್ಪಬಾರದು ಅಂತ. ಸಂಬಳ ಕೇಳಿದವರಲ್ಲ ನಾವು. ಆದರೆ ಹೆಸರು?

ಹೋದ ವರ್ಷ ನಮ್ಮ ತಂಡದ ಹಿರಿಯ ನಟಿ ತೀರಿಕೊಂಡರು. ಕಲಾಕ್ಷೇತ್ರದಲ್ಲಿ ಅವರು ಕುಂತಿ ಆಗಿದ್ದನ್ನು ನಾನು ವಿಂಗ್‌ನಲ್ಲಿ ನಿಂತು ನೋಡಿದ್ದೇನೆ. ಕನ್ನಡಕ ತೆಗೆದರೆ ಅವರಿಗೆ ರಂಗದ ಅಂಚು ಕಾಣುತ್ತಿರಲಿಲ್ಲ. ಮಧ್ಯಾಹ್ನವೇ ಬಂದು ಹೆಜ್ಜೆ ಎಣಿಸಿಕೊಳ್ಳುತ್ತಿದ್ದರು. ಕರ್ಣನ ಕಡೆಗೆ ಹೋಗುವಾಗ ಆ ಎಣಿಕೆಯಿಂದಲೇ ನಡಿಗೆ ತಡವರಿಸುತ್ತಿತ್ತು. ನೋಡುವವರಿಗೆ ಅದು ತಾಯಿಯ ಅಳುಕು. ಅವರು ಸತ್ತ ಮರುದಿನ ಒಂದು ಪತ್ರಿಕೆ (ನಿಮ್ಮದಲ್ಲ) ‘ಧಾರಾವಾಹಿಯ ಅಜ್ಜಿ ಪಾತ್ರದಿಂದ ಮನೆಮಾತಾಗಿದ್ದ ನಟಿ’ ಅಂತ ಬರೆಯಿತು. ಆ ಧಾರಾವಾಹಿಯಲ್ಲಿ ಅವರು ಜಾಸ್ತಿ ಮಾಡಿದ್ದು ಸೋಫಾ ಮೇಲೆ ಕೂತು ನಿಟ್ಟುಸಿರು ಬಿಟ್ಟದ್ದು.

ನುಡಿನಮನದ ದಿನಕ್ಕೆ ಅವರ ಮಗಳು ಕೇಳಿದಳು, ‘ಆಂಟಿ, ಅಮ್ಮ ಮಾಡಿದ ನಾಟಕಗಳದ್ದೆಲ್ಲ ಒಂದು ಪಟ್ಟಿ ಮಾಡಿಕೊಡ್ತೀರಾ?’ ಅಂತ. ಹಳಬರೆಲ್ಲ ಕೂತೆವು. ಟ್ರಂಕಿನಲ್ಲಿದ್ದ ಕರಪತ್ರಗಳನ್ನು ಹರಡಿದೆವು. ಅರ್ಧಕ್ಕೆ ಗೆದ್ದಲು ಹಿಡಿದಿತ್ತು. ಈ ನಾಟಕದಲ್ಲಿ ಇವರೇ ಇದ್ದದ್ದು ಅಂತ ಒಬ್ಬರು, ಇಲ್ಲ ಅದು ಇನ್ನೊಬ್ಬರು ಅಂತ ಇನ್ನೊಬ್ಬರು. ಪತ್ರಿಕೆಗಳ ಹಳೆಯ ಕಡತ ನೋಡೋಣ ಅಂತ ನಾನೇ ಗ್ರಂಥಾಲಯಕ್ಕೆ ಹೋದೆ. ನಾಟಕದ ಹೆಸರು ಇತ್ತು, ರಚನೆ ಇತ್ತು, ನಿರ್ದೇಶನ ಇತ್ತು, ಸ್ಥಳ, ಸಮಯ ಇತ್ತು. ಉದ್ಘಾಟನೆ ಮಾಡಿದ ಅತಿಥಿಗಳ ಹೆಸರಂತೂ ಬಿರುದು ಬಾವಲಿ ಸಮೇತ ಇತ್ತು. ಆಡಿದವರ ಹೆಸರಿಲ್ಲ. ಕೊನೆಗೆ ನಾವು ಕೊಟ್ಟ ಪಟ್ಟಿಯಲ್ಲಿ ಎಷ್ಟೋ ವರ್ಷಗಳು ಖಾಲಿ.

ಫ್ರೇಂಡ್ಲಿಖ್ ಯಾವ ವರ್ಷ ಯಾವ ಪಾತ್ರ ಮಾಡಿದರು ಅಂತ ಬೆಂಗಳೂರಿನ ಒಬ್ಬ ನಿವೃತ್ತ ಗುಮಾಸ್ತೆ ಹೇಳಬಲ್ಲಳು. ಏಕೆಂದರೆ ಅಲ್ಲಿ ಥಿಯೇಟರ್‌ಗಳು ಬರೆದಿಟ್ಟವು, ಪತ್ರಿಕೆಗಳು ವಿಮರ್ಶೆ ಮಾಡಿದವು, ಟಿವಿಯವರು ನಾಟಕಗಳನ್ನು ಚಿತ್ರೀಕರಿಸಿ ಇಟ್ಟರು. ಕಲಾಕ್ಷೇತ್ರದಲ್ಲಿ ಕುಂತಿ ಆದವರ ಬಗ್ಗೆ ಅವರ ಮಗಳಿಗೇ ಹೇಳಲಾಗಲಿಲ್ಲ.

ನನ್ನ ಕೋರಿಕೆ ದೊಡ್ಡದಲ್ಲ. ವಾರಕ್ಕೊಂದು ನಾಟಕ ವಿಮರ್ಶೆ ಹಾಕಿ ಅಂದರೆ ಜಾಗ ಇಲ್ಲ ಅನ್ನುತ್ತೀರಿ. ಹಾಕಿದರೆ ಸಂತೋಷ. ಕನಿಷ್ಠ ನಿಮ್ಮ ‘ನಗರದಲ್ಲಿ ಇಂದು’ ಅಂಕಣದಲ್ಲಿ ರಚನೆ, ನಿರ್ದೇಶನ ಆದ ಮೇಲೆ ‘ರಂಗದ ಮೇಲೆ’ ಅಂತ ಇನ್ನೊಂದು ಸಾಲು ಸೇರಿಸಿ. ಜೆ.ಪಿ. ನಗರದ ರಂಗಶಂಕರದಲ್ಲಿ 2004ರಿಂದ ನಾಟಕ ನಡೆಯುತ್ತಿದೆ, ಕಲಾಕ್ಷೇತ್ರದಲ್ಲಿ 1963ರಿಂದ. ಹೋದದ್ದು ಹೋಯಿತು. ಇವತ್ತು ಸಂಜೆ ಆಡುವ ಹುಡುಗಿಯರದ್ದಾದರೂ ಉಳಿಯಲಿ. ಜಾಗ ಬೇಕಿದ್ದರೆ ಉದ್ಘಾಟಕರ ಹೆಸರು ಬಿಡಿ, ನಾಟಕ ನೋಡಲು ಹೋಗುವವರು ಯಾರೂ ಅದನ್ನು ಹುಡುಕುವುದಿಲ್ಲ.

ಪುರವಣಿಯ ಲೇಖನದಲ್ಲಿ ಇನ್ನೊಂದು ತಿದ್ದುಪಡಿ. 1984ರ ರಿಯಾಜಾನೊವ್ ಚಿತ್ರದ ಫೋಟೊ ಕೆಳಗೆ ಫ್ರೇಂಡ್ಲಿಖ್ ನಾಯಕಿ ಅಂತ ಹಾಕಿದ್ದೀರಿ. ನಾಯಕಿ ಲಾರಿಸಾ ಗುಜೇಯೆವಾ, ಅದು ಅವರ ಮೊದಲ ಸಿನಿಮಾ. ಇವರು ಅದರಲ್ಲಿ ತಾಯಿ. ಮೂವರು ಹೆಣ್ಣುಮಕ್ಕಳನ್ನು ವರದಕ್ಷಿಣೆ ಇಲ್ಲದೆ ದಾಟಿಸಲು ನಗುನಗುತ್ತಾ ಎಲ್ಲರ ಹತ್ತಿರವೂ ಕೈಯೊಡ್ಡುವ ವಿಧವೆ. ಆ ಪಾತ್ರಕ್ಕಾಗಿಯೇ ಆ ಸಿನಿಮಾ ಇನ್ನೊಮ್ಮೆ ನೋಡಬಹುದು.

ಈ ಪತ್ರ ಪ್ರಕಟಿಸಿದರೆ ನನ್ನ ಹೆಸರು ಹಾಕಬೇಡಿ. ತನ್ನ ಹೆಸರಿಗಾಗಿ ಇಷ್ಟುದ್ದ ಬರೆದಳು ಅಂತ ನಮ್ಮ ತಂಡದವರೇ ಆಡಿಕೊಳ್ಳುತ್ತಾರೆ. ನಿಮ್ಮ ವರದಿಗಾರರು ನಟ ನಟಿಯರ ಹೆಸರು ಹುಡುಕಿಕೊಂಡು ಎಲ್ಲೂ ಅಲೆಯಬೇಕಿಲ್ಲ. ತಂಡಗಳು ನಿಮ್ಮ ಕಚೇರಿಗೆ ಕಳಿಸುವ ವಾಟ್ಸ್‌ಆ್ಯಪ್ ಪೋಸ್ಟರ್‌ನ ಕೆಳಗೇ ಇರುತ್ತದೆ. ಅಂಕಣಕ್ಕೆ ಹಾಕುವಾಗ ಆ ಭಾಗ ಕತ್ತರಿಸಬೇಡಿ, ಅಷ್ಟೆ.

ಇಂತಿ,
ನಿಮ್ಮ ಹಳೆಯ ಚಂದಾದಾರರು,
ಹನುಮಂತನಗರ, ಬೆಂಗಳೂರು